ಕಲ್ಲು ಅಂಟಿಕೊಂಡರೂ ವಿಷ ಒಳಗೇ ಇರುತ್ತದೆ

ನಾಗರಹಾವಿನ ಹೆಡೆಯಲ್ಲಿ ಮಣಿ ಇದೆ, ಕತ್ತಲಾದ ಮೇಲೆ ಹಾವು ಅದನ್ನು ಉಗುಳಿಟ್ಟು ಆ ಬೆಳಕಿನಲ್ಲೇ ಆಹಾರ ಹುಡುಕುತ್ತದೆ ಎಂಬ ಕತೆ ಕೇಳದೆ ಬೆಳೆದವರು ನಮ್ಮ ಕಾಸರಗೋಡಿನ ಕಡೆ ಕಡಿಮೆ. ತಕ್ಷಕ, ವಾಸುಕಿಯರ ಕುಲದ ಹಾವುಗಳಲ್ಲಿ ಮುತ್ತು ಹುಟ್ಟುತ್ತದೆ ಎಂಬ ಮಾತು ವರಾಹಮಿಹಿರನ ಬೃಹತ್ಸಂಹಿತೆಯಲ್ಲೂ ಇದೆ. ಹೆಡೆ ಎನ್ನುವುದು ಕುತ್ತಿಗೆಯ ಪಕ್ಕೆಲುಬುಗಳು ಅಗಲವಾದಾಗ ಬಿಗಿಯುವ ಚರ್ಮ. ಮಣಿ ಕೂರಲು ಅಲ್ಲಿ ಜಾಗವೇ ಇಲ್ಲ. ಆದರೂ ಮಣಿಯೆಂದು ಗಾಜಿನ ಚೂರು ಮಾರುವವರನ್ನು ಬಿಟ್ಟರೆ, ಆ ಕತೆಯ ಮೇಲೆ ನನಗೆ ಸಿಟ್ಟಿಲ್ಲ. ನಾಗನ ಕಲ್ಲಿಗೆ ಹಾಲೆರೆದು, ಅರಸಿನ ಹಚ್ಚಿ, ಹಿಂಗಾರ ಏರಿಸುವುದರ ಮೇಲಂತೂ ಇಲ್ಲವೇ ಇಲ್ಲ. ಅಡಿಕೆ ತೋಟಗಳ ನಡುವೆ ಒಂದಿಷ್ಟು ಕಾಡು ಕೊಡಲಿ ಕಾಣದೆ ಉಳಿದಿದ್ದರೆ ಅದು ಆ ಕಲ್ಲಿನ ದೆಸೆಯಿಂದ. ಷಷ್ಠಿಗೆ ಮಂಜೇಶ್ವರದ ದೇವಸ್ಥಾನಕ್ಕೆ ಹೋಗುವವರಲ್ಲಿ ನಾನೂ ಒಬ್ಬ.

ನನ್ನ ತಕರಾರು, ಹಾವು ಕಚ್ಚಿದ ಗಾಯದ ಮೇಲೆ ಇಟ್ಟರೆ ವಿಷ ಹೀರುತ್ತದೆ ಎಂದು ನಂಬುವ ವಿಷಕಲ್ಲಿನದು. ಹೆಬ್ಬೆರಳ ಉಗುರಿನಷ್ಟು ಅಗಲ, ಕಪ್ಪು, ಕೈಯಲ್ಲಿ ಹಿಡಿದರೆ ತೀರಾ ಹಗುರ. ಕಲ್ಲು ಎಂದು ಹೆಸರೇ ಹೊರತು ಸಾಮಾನ್ಯವಾಗಿ ಅದು ಗಾಳಿಯಾಡದಂತೆ ಸುಟ್ಟು ಕರಿ ಮಾಡಿದ ದನದ ಎಲುಬು. ಮೈತುಂಬ ಕಣ್ಣಿಗೆ ಕಾಣದ ರಂಧ್ರಗಳು. ಒಣಗಿದ ಮಡಕೆಯ ಚೂರು ನೀರು ಹೀರುವ ಹಾಗೆ ಅದು ರಕ್ತ ಹೀರಿ ಗಾಯಕ್ಕೆ ಅಂಟಿಕೊಳ್ಳುತ್ತದೆ, ತುಂಬಿದ ಮೇಲೆ ತಾನಾಗಿ ಉದುರುತ್ತದೆ. ಆಮೇಲೆ ಹಾಲಿಗೆ ಹಾಕಿದಾಗ ಏಳುವ ಗುಳ್ಳೆ ವಿಷವಲ್ಲ, ರಂಧ್ರಗಳೊಳಗಿನ ಗಾಳಿ. ಭಾರತದಿಂದ ಯುರೋಪಿಗೆ ಹೋದ ಇಂಥ ಕಲ್ಲುಗಳನ್ನು ಇಟಲಿಯ ವೈದ್ಯ ಫ್ರಾನ್ಸೆಸ್ಕೊ ರೆಡಿ ಪ್ರಾಣಿಗಳ ಮೇಲೆ ಪರೀಕ್ಷಿಸಿ, ಇವುಗಳಿಂದ ಪ್ರಯೋಜನವಿಲ್ಲ ಎಂದು 1671ರಲ್ಲೇ ಪ್ರಕಟಿಸಿದ್ದ.

"ಡಾಕ್ಟ್ರೇ, ನಮ್ಮ ಭಾವನಿಗೆ ಕಲ್ಲು ಇಟ್ಟೇ ಗುಣ ಆದದ್ದು, ನಾನೇ ನೋಡಿದ್ದೇನೆ" ಎನ್ನುವವರು ಸುಳ್ಳು ಹೇಳುವುದಿಲ್ಲ. ತೋಟದಲ್ಲಿ ಕಚ್ಚುವ ಹಾವುಗಳಲ್ಲಿ ಹೆಚ್ಚಿನವು ಕೇರೆ, ಒಳ್ಳೆ, ತೋಳಹಾವಿನಂಥ ವಿಷವಿಲ್ಲದವು. ನಾಗರ, ಮಂಡಲಗಳೂ ಎಷ್ಟೋ ಸಲ ವಿಷ ಬಿಡದೆ ಬರಿಯ ಹಲ್ಲು ತಾಗಿಸಿ ಹೋಗುತ್ತವೆ. ಇವರೆಲ್ಲ ಕಲ್ಲು ಇಟ್ಟರೂ ಬದುಕುತ್ತಾರೆ, ಇಡದಿದ್ದರೂ ಬದುಕುತ್ತಾರೆ, ಹೆಸರು ಮಾತ್ರ ಕಲ್ಲಿಗೆ. ವಿಷ ನಿಜವಾಗಿ ಇಳಿದಾಗ ಅದು ಇಳಿಯುವುದು ಚರ್ಮದ ಕೆಳಗೆ, ಆಳಕ್ಕೆ. ಮಂಡಲದ ವಿಷದ ಹಲ್ಲು ಒಂದು ಸೆಂಟಿಮೀಟರಿಗಿಂತ ಉದ್ದ. ಮೇಲೆ ಕೂತ ಎಲುಬಿನ ಚೂರು ಅಲ್ಲಿಂದ ಏನನ್ನೂ ಎಳೆಯಲಾರದು.

ಇದಕ್ಕಿಂತ ಕೆಟ್ಟದ್ದು ಬ್ಲೇಡು. ಒಣಚರ್ಮಕ್ಕೆ ಕಲ್ಲು ಅಂಟುವುದಿಲ್ಲ, ಹಾಗಾಗಿ ಕಚ್ಚಿದಲ್ಲಿ ಗೀರಿ ರಕ್ತ ಬರಿಸುತ್ತಾರೆ. ಮಂಡಲದ ವಿಷ ರಕ್ತ ಹೆಪ್ಪುಗಟ್ಟುವ ಶಕ್ತಿಯನ್ನೇ ಕೆಡಿಸುತ್ತದೆ. ಎರಡು ಗೀರು ಸಾಕು, ಬಟ್ಟೆಯ ಮೇಲೆ ಬಟ್ಟೆ ಸುತ್ತಿದರೂ ಒದ್ದೆಯಾಗುತ್ತಲೇ ಇರುತ್ತದೆ.

ಆಸ್ಪತ್ರೆಗೆ ಬಂದ ಕೂಡಲೇ ನಾವು ಮಾಡುವ ಪರೀಕ್ಷೆ ಬಹಳ ಸರಳ. 2 ಮಿಲಿಲೀಟರ್ ರಕ್ತವನ್ನು ಒಣಗಿದ, ಶುಚಿಯಾದ ಗಾಜಿನ ಕೊಳವೆಯಲ್ಲಿ ಹಾಕಿ ಅಲುಗಿಸದೆ 20 ನಿಮಿಷ ಇಡುತ್ತೇವೆ. ಆಮೇಲೆ ಒಮ್ಮೆ ವಾಲಿಸಿದಾಗ ರಕ್ತ ನೀರಿನಂತೆ ಹರಿದರೆ ವಿಷ ಕೆಲಸ ಶುರುಮಾಡಿದೆ ಎಂದರ್ಥ, ತಡಮಾಡದೆ ಪ್ರತಿವಿಷ ಹಾಕಬೇಕು. ಮೊದಲ ಸುತ್ತಿಗೇ 8ರಿಂದ 10 ವಯಲ್ (ಮದ್ದಿನ ಪುಟ್ಟ ಸೀಸೆ) ಬೇಕಾಗುತ್ತದೆ. ಈಗಾಗಲೇ ಅಂಗಾಂಗಕ್ಕೆ ಅಂಟಿಕೊಂಡ ವಿಷವನ್ನು ಅದು ಬಿಡಿಸಲಾರದು, ರಕ್ತದಲ್ಲಿ ಇನ್ನೂ ಓಡಾಡುತ್ತಿರುವುದನ್ನು ಮಾತ್ರ ಹಿಡಿಯುತ್ತದೆ. ಕಲ್ಲು ಉದುರುವುದನ್ನೇ ಕಾಯುತ್ತ ಮನೆಯಲ್ಲಿ ಕಳೆದ ಒಂದು ಗಂಟೆಯ ಬೆಲೆ ಅಷ್ಟು.

ನಮ್ಮ ದೇಶದ ಪ್ರತಿವಿಷ ನಾಗರ, ಕಟ್ಟುಹಾವು, ಕೊಳಕುಮಂಡಲ, ಗರಗಸಮಂಡಲ ಈ ನಾಲ್ಕಕ್ಕೆ ಮಾತ್ರ. ಕಾಸರಗೋಡಿನವರು ಐದನೆಯದೊಂದನ್ನು ತಿಳಿದಿರಬೇಕು. ರಬ್ಬರ್, ಅಡಿಕೆ ತೋಟದ ತರಗೆಲೆಯಲ್ಲಿ ಸುರುಳಿ ಸುತ್ತಿ ಮಲಗುವ, ಮೂಗಿನ ತುದಿ ಮೇಲೆದ್ದ ಕಂದು ಬಣ್ಣದ ಕುಳ್ಳ ಹಾವು (ಇಂಗ್ಲಿಷಿನಲ್ಲಿ ಹಂಪ್-ನೋಸ್ಡ್ ಪಿಟ್ ವೈಪರ್). ಬೆಳಗ್ಗೆ ಬೇಗ ರಬ್ಬರ್ ಟ್ಯಾಪಿಂಗಿಗೆ (ಮರ ಗೀರಿ ಹಾಲು ಇಳಿಸಲು) ಹೋಗುವವರ ಕಾಲಿಗೆ ಸಿಗುವುದು ಇದು. ಈ ಪ್ರತಿವಿಷ ಇದಕ್ಕೆ ನಾಟುವುದಿಲ್ಲ. ಕೆಲವರಿಗೆ ಮೂತ್ರಪಿಂಡ ಕೆಡುತ್ತದೆ. ಬಾವು ಇಳಿಯಿತು, ಮನೆಗೆ ಹೋಗುತ್ತೇವೆ ಎಂದವರನ್ನೂ ನಾವು ತಡೆದು ನಿಲ್ಲಿಸಿಕೊಳ್ಳುವುದು ಇದಕ್ಕಾಗಿ.

ಕಟ್ಟುಹಾವಿನದು ಮತ್ತೊಂದು ಬಗೆ. ನೆಲದಲ್ಲಿ ಮಲಗಿದವರಿಗೆ ರಾತ್ರಿ ಕಚ್ಚುತ್ತದೆ, ನೋವಿಲ್ಲ, ಗುರುತೂ ಇರುವುದಿಲ್ಲ. ಬೆಳಗಾಗುವಾಗ ಹೊಟ್ಟೆನೋವು, ರೆಪ್ಪೆ ಎತ್ತಲಾಗದು. ಕಲ್ಲು ಇಡಲು ಗಾಯವೇ ಸಿಗದ ಕಡಿತ ಇದು.

ಹಾವು ಕಚ್ಚಿದವರನ್ನು ನಡೆಸಬೇಡಿ. ಉಂಗುರ, ಬಳೆ ತೆಗೆಯಿರಿ, ಕೈಕಾಲು ಅಲುಗದಂತೆ ಹಲಗೆ ಕಟ್ಟಿ, ಹಾವನ್ನು ಹುಡುಕುತ್ತ ನಿಲ್ಲದೆ ಪ್ರತಿವಿಷ ಇರುವ ಹತ್ತಿರದ ಆಸ್ಪತ್ರೆಗೆ ಬನ್ನಿ. ಬರುವ ಮೊದಲು ಕಲ್ಲು ಇಟ್ಟಿದ್ದರೆ ಮುಚ್ಚಿಡಬೇಡಿ, ನಾವು ಬೈಯುವುದಿಲ್ಲ. ಎಷ್ಟು ಹೊತ್ತಿಗೆ ಕಚ್ಚಿತು, ಎಲ್ಲಿ ಗೀರಿದ್ದೀರಿ, ಕುಡಿಯಲು ಏನು ಕೊಟ್ಟಿದ್ದೀರಿ, ಎಲ್ಲ ಹೇಳಿ. ಬಿಗಿಯಾಗಿ ಹಗ್ಗ ಕಟ್ಟಿದ್ದರೆ ದಾರಿಯಲ್ಲಿ ಬಿಚ್ಚಬೇಡಿ. ಪ್ರತಿವಿಷಕ್ಕೆ ಎಲ್ಲ ಅಣಿಯಾದ ಮೇಲೆ ನಾವೇ ಬಿಚ್ಚುತ್ತೇವೆ.