ಮೂರು ಚಪ್ಪಾಳೆಯ ಆಟ: ‘ದಿ ಕಾಂಜ್ಯೂರಿಂಗ್’ ಟಿಪ್ಪಣಿ

ಕಲಬುರಗಿಯಲ್ಲಿ ಸಿನಿಮಾ ಅಭ್ಯಾಸ ಮಾಡುತ್ತಿರುವ ಗೆಳೆಯರಿಗಾಗಿ ಇದನ್ನು ಬರೆಯುತ್ತಿದ್ದೇನೆ. ಚಿತ್ರ 2013ರದು, ನಿರ್ದೇಶಕ ಜೇಮ್ಸ್ ವಾನ್. ಕಥೆ ನಡೆಯುವುದು 1971ರಲ್ಲಿ, ಅಮೆರಿಕದ ರೋಡ್ ಐಲೆಂಡ್ ರಾಜ್ಯದ ಹ್ಯಾರಿಸ್‌ವಿಲ್‌ನಲ್ಲಿ. ರೋಜರ್ ಮತ್ತು ಕ್ಯಾರೊಲಿನ್ ಪೆರಾನ್ ತಮ್ಮ ಐದು ಹೆಣ್ಣುಮಕ್ಕಳೊಂದಿಗೆ ಹಳೇ ತೋಟದ ಮನೆಗೆ ಬರುತ್ತಾರೆ. ನಾಯಿ ಹೊಸ್ತಿಲು ದಾಟಲು ಒಲ್ಲೆನ್ನುತ್ತದೆ, ಮರುದಿನ ಸತ್ತು ಬಿದ್ದಿರುತ್ತದೆ. ಗಡಿಯಾರಗಳು 3:07ಕ್ಕೆ ನಿಲ್ಲುತ್ತವೆ. ಇಂಥ ಸೂಚನೆಗಳನ್ನು ಬೇರೆ ದೆವ್ವದ ಸಿನಿಮಾಗಳಲ್ಲೂ ಕಂಡಿರುತ್ತೀರಿ. ನಿಂತು ನೋಡಬೇಕಾದದ್ದು ಆಟದ ದೃಶ್ಯ.

ಆ ಹುಡುಗಿಯರ ಆಟ ನಮ್ಮ ಕಣ್ಣಾಮುಚ್ಚಾಲೆಯಂಥದ್ದೇ. ಕಣ್ಣಿಗೆ ಬಟ್ಟೆ ಕಟ್ಟಿಕೊಂಡು ಹುಡುಕುವವರು ಮೂರು ಸಲ ಚಪ್ಪಾಳೆ ಕೇಳಬಹುದು, ಅಡಗಿದವರು ತಟ್ಟಲೇಬೇಕು. ಒಂದು ದಿನ ತಾಯಿ ಕಣ್ಣು ಕಟ್ಟಿಕೊಂಡು ಮಗಳನ್ನು ಹುಡುಕುತ್ತಾಳೆ. ಕಪಾಟಿನ ಬಾಗಿಲು ತಾನಾಗಿ ತೆರೆದು, ಬಟ್ಟೆಗಳ ನಡುವಿನಿಂದ ಎರಡು ಕೈ ಹೊರಬಂದು ಚಪ್ಪಾಳೆ ತಟ್ಟುತ್ತವೆ. ನಮಗೆ ಕಾಣುತ್ತದೆ, ಅವಳಿಗೆ ಕಾಣದು. ನಗುತ್ತಲೇ ಅತ್ತ ಹೋಗಿ ಕಪಾಟಿನೊಳಗೆ ಕೈಯಾಡಿಸುತ್ತಾಳೆ. ಮಗಳು ಇದ್ದದ್ದು ಬೇರೆ ಕೋಣೆಯಲ್ಲಿ! ಹಗಲು ಹೊತ್ತು, ರಕ್ತದ ಹನಿಯೂ ಇಲ್ಲ. ಆದರೂ ನನಗೆ ಇಡೀ ಚಿತ್ರದಲ್ಲಿ ಅತಿ ಹೆಚ್ಚು ಭಯ ಹುಟ್ಟಿಸಿದ್ದು ಇದೇ. ದೆವ್ವ ಮನೆಯವರ ಅಕ್ಕರೆಯ ಆಟವನ್ನೇ ಕಲಿತುಕೊಂಡಿದೆ. ತಾಯಿಗೆ ಅದು ಮಗಳ ಕೈ ಸದ್ದು.

ಮುಂದೆ ಅದೇ ಸದ್ದು ಅವಳನ್ನು ರಾತ್ರಿ ನೆಲಮಾಳಿಗೆಗೆ ಎಳೆಯುತ್ತದೆ. ಕಡ್ಡಿ ಗೀರಿ ಕತ್ತಲೆ ನೋಡುತ್ತ ಕೂತವಳ ಬೆನ್ನ ಹಿಂದಿನಿಂದ ಕೈಗಳು ಬಂದು ಚಪ್ಪಾಳೆ ತಟ್ಟುತ್ತವೆ. ಮೊದಲ ದೃಶ್ಯದಲ್ಲಿ ಬಟ್ಟೆ ಮಾಡಿದ ಕೆಲಸವನ್ನು ಇಲ್ಲಿ ಕತ್ತಲೆ ಮಾಡುತ್ತದೆ, ಈ ಸಲ ನಮ್ಮ ಕಣ್ಣಿಗೂ ಕಟ್ಟು ಬಿದ್ದಿದೆ. ನಮ್ಮ ಕಡೆ ನೆಲದೊಳಗೆ ತೋಡಿ ಜೋಳ ತುಂಬಿಡುತ್ತಿದ್ದ ಹಗೇವು ನೆನಪಿಸಿಕೊಳ್ಳಿ. ಬಾಯಿ ತೆಗೆದ ಕೂಡಲೇ ಯಾರೂ ಇಳಿಯುತ್ತಿರಲಿಲ್ಲ. ಒಳಗಿನ ಕೆಟ್ಟ ಗಾಳಿಗೆ ಉಸಿರು ಕಟ್ಟಿ ಸಾಯುವ ಭಯ. ಮೊದಲು ದೀಪ ಇಳಿಸಿ, ಅದು ಆರದಿದ್ದರೆ ಮಾತ್ರ ಮನುಷ್ಯ ಇಳಿಯಬೇಕು. ನೆಲದೊಳಗೆ ಬೆಳಕು ಆರಿತೆಂದರೆ ನಮ್ಮ ಎದೆ ಧಸಕ್ಕೆನ್ನುವುದಕ್ಕೆ ಇಂಥ ಹಳೇ ಕಾರಣವೂ ಇದೆ ಅಂತ ನನಗನಿಸುತ್ತದೆ.

ಕೊನೆಗೆ ದೆವ್ವ ತಾಯಿಯ ಮೈಮೇಲೇ ಬರುತ್ತದೆ. ನಮ್ಮವರಿಗೆ ಗಾಣಗಾಪುರ ನೆನಪಾಗಬಹುದು. ಅಲ್ಲಿ ಗಾಳಿ ಸೋಂಕಿದವರು ದತ್ತನ ಗುಡಿಯಲ್ಲಿ ಕೂಗಾಡುವುದು ನಡು ಮಧ್ಯಾಹ್ನ, ಮಹಾಮಂಗಳಾರತಿ ಹೊತ್ತಿಗೆ, ನೂರಾರು ಜನರ ಕಣ್ಣೆದುರು. ಚಿತ್ರದಲ್ಲಿ ಅದೇ ನೆಲಮಾಳಿಗೆ, ಬೆರಳೆಣಿಕೆಯ ಜನ. ಮನೆಯವರ ನೆರವಿಗೆ ಬಂದವರು ದೆವ್ವಗಳ ತನಿಖೆ ಮಾಡುವ ಗಂಡ-ಹೆಂಡತಿ, ಎಡ್ ಮತ್ತು ಲೊರೇನ್ ವಾರೆನ್. ದೆವ್ವ ಬಿಡಿಸಲು ಬೇಕಾದ ಚರ್ಚಿನ ಒಪ್ಪಿಗೆಗೆ ಕಾಯಲು ಸಮಯವಿಲ್ಲದೆ ಎಡ್ ತಾನೇ ಮಂತ್ರ ಓದುತ್ತಾನೆ. ಅಷ್ಟಕ್ಕೇ ಕ್ಯಾರೊಲಿನ್ ತಿರುಗಿ ಬರುವುದಿಲ್ಲ. ಲೊರೇನ್ ಅವಳ ತಲೆ ಮುಟ್ಟಿ, ಮನೆಯವರೆಲ್ಲ ಸಮುದ್ರದ ದಂಡೆಯಲ್ಲಿ ಕಳೆದ ದಿನವನ್ನು ನೆನಪಿಸುತ್ತಾಳೆ.

ಆ ದಿನದ ಫೋಟೋ ಚಿತ್ರದಲ್ಲಿ ಮೊದಲೇ ಬಂದುಹೋಗಿರುತ್ತದೆ. ಎರಡನೇ ಸಲ ನೋಡುವಾಗ ಅದು ಎಲ್ಲಿ ಬಂತು, ಆಗ ಕ್ಯಾರೊಲಿನ್ ಏನು ಹೇಳಿದಳು ಎಂಬುದನ್ನು ಬರೆದಿಟ್ಟುಕೊಳ್ಳಿ. ಕಪಾಟಿನ ದೃಶ್ಯವನ್ನು ಒಮ್ಮೆ ಕಣ್ಣು ಮುಚ್ಚಿ ಬರೀ ಕೇಳಿ, ಮತ್ತೊಮ್ಮೆ ಸೌಂಡ್ ತೆಗೆದು ನೋಡಿ.