ಡಿ.ಸಿ. ಎಂದರೆ ಜಿಲ್ಲಾಧಿಕಾರಿ ಅಲ್ಲ

ಹೋದ ಮಳೆಗಾಲದಲ್ಲಿ ಒಬ್ಬ ಅಜ್ಜಿ ನನ್ನ ವಕೀಲಿ ಆಫೀಸಿಗೆ ಬಂದರು. ಕೈಯಲ್ಲಿ ಸೀರೆ ಅಂಗಡಿಯ ಪ್ಲಾಸ್ಟಿಕ್ ಚೀಲ. ಅದರೊಳಗೆ ಇನ್ನೊಂದು ಚೀಲ. ಅದರೊಳಗೆ ಒಂದು ಕಾಗದ, ಮಡಚಿ ಮಡಚಿ ನಾಲ್ಕು ತುಂಡಾಗುವ ಹಂತಕ್ಕೆ ಬಂದಿತ್ತು. ಐವತ್ತು ವರ್ಷ ಬೀಡಿ ಕಟ್ಟಿದ ಕೈ. ಮೇಜಿನ ಮೇಲೆ ಕಾಗದ ಬಿಡಿಸಿ, ಫ್ಯಾನ್ ಗಾಳಿಗೆ ಹಾರದ ಹಾಗೆ ನಾಲ್ಕು ಮೂಲೆಗೂ ಬೆರಳಿಟ್ಟು ಕೂತರು.

"ಇದು ಡಿ.ಸಿ.ಯವರು ನಮಗೆ ಮನ್ನಾ ಮಾಡಿದ ಜಾಗ. ಈಗ ಅಲ್ಲಿ ಬೇರೆಯವರ ಅಡಿಕೆ ತೋಟ ಉಂಟು."

ಈ ಮಾತಿನಲ್ಲಿ ಒಂದು ತಪ್ಪಿದೆ. ದಕ್ಷಿಣ ಕನ್ನಡ, ಉಡುಪಿಯಲ್ಲಿ ಬಹಳ ಮಂದಿ ಮಾಡುವ ತಪ್ಪು, ಕೆಲವು ಕಚೇರಿಯವರೂ ಮಾಡುತ್ತಾರೆ. ಡಿ.ಸಿ. ಮನ್ನಾ ಜಾಗದ ಡಿ.ಸಿ. ಎಂದರೆ ಡೆಪ್ಯುಟಿ ಕಮಿಷನರ್ ಅಲ್ಲ. ಅದು 'ಡಿಪ್ರೆಸ್ಡ್ ಕ್ಲಾಸ್'. ಆಗಿನ ಸರ್ಕಾರಿ ಭಾಷೆಯಲ್ಲಿ ಅಸ್ಪೃಶ್ಯರಿಗೆ ಇಟ್ಟ ಹೆಸರು. ನಮ್ಮ ಜಿಲ್ಲೆ 1956ರ ನವೆಂಬರ್ 1ರ ತನಕ ಮದ್ರಾಸಿಗೆ ಸೇರಿತ್ತು, ಅಲ್ವಾ? ಚೆಂಗಲ್ಪಟ್ಟಿನ ಕಲೆಕ್ಟರ್ ಆಗಿದ್ದ ಟ್ರೆಮೆನ್‌ಹೀರ್ ಕೊಟ್ಟ ವರದಿಯ ನಂತರ, 1892ರಲ್ಲಿ, ಮದ್ರಾಸ್ ಸರ್ಕಾರ ಈ ಜನರಿಗೆಂದೇ ಜಾಗ ಕೊಡಲು ಒಪ್ಪಿತು. ತಮಿಳುನಾಡಿನಲ್ಲಿ ಅದಕ್ಕೆ ಪಂಚಮಿ ಭೂಮಿ ಎನ್ನುತ್ತಾರೆ. ನಮ್ಮಲ್ಲಿ ಇಂಥ ಜಾಗಕ್ಕೆ ಡಿ.ಸಿ. ಮನ್ನಾ ಎಂಬ ಹೆಸರು ನಿಂತಿತು.

ಇದು ಬರೀ ಪದದ ಗೊಂದಲ ಅಂತ ಬಿಡುವ ಹಾಗಿಲ್ಲ. 'ಮನ್ನಾ' ಎಂದ ಕೂಡಲೇ ಇವತ್ತು ನಮಗೆ ನೆನಪಾಗುವುದು ಸಾಲ ಮನ್ನಾ. ಡಿ.ಸಿ. ಎಂದರೆ ದೊಡ್ಡ ಸಾಹೇಬರು. ಎರಡೂ ಸೇರಿ, ಹಕ್ಕಿನ ಜಾಗ ಸಾಹೇಬರ ದಯೆಯ ಜಾಗ ಆಗಿಬಿಡುತ್ತದೆ. ದಯೆ ಕೇಳಲು ಹೋದವರು ಬಾಗಿಲ ಹೊರಗೆ ನಿಲ್ಲುತ್ತಾರೆ. ನಾನು ನೋಡಿದ ಹಾಗೆ, ಆ ಅಜ್ಜಿ ನಲವತ್ತು ವರ್ಷ ನಿಂತದ್ದು ಹಾಗೆಯೇ.

ಕರಾವಳಿಯಲ್ಲಿ ದಲಿತ ಹೋರಾಟ ಎಂದರೆ ಭಾಷಣ, ಬ್ಯಾನರ್, ಏಪ್ರಿಲ್ 14ರ ಮೆರವಣಿಗೆ ಮಾತ್ರ ಎಂದುಕೊಂಡವರಿಗೆ ನಾನು ಒಂದು ಪಹಣಿ ತೋರಿಸುತ್ತೇನೆ. ಮಾಲಕರ 9ನೇ ಕಾಲಂನಲ್ಲಿ ಯಾರ ಹೆಸರಿದೆ, ಹಕ್ಕು-ಋಣಗಳ 11ರಲ್ಲಿ ಏನು ಬರೆದಿದೆ, ಜಾಗದಲ್ಲಿ ನಿಜವಾಗಿ ಯಾರಿದ್ದಾರೆ. ಈ ಮೂರೂ ಒಂದೇ ಆಗದಿದ್ದಲ್ಲಿ ಜಾತಿ ಕೂತಿರುತ್ತದೆ. ನಮ್ಮ ಕಡೆ ಜಾತಿ ಜೋರಾಗಿ ಮಾತಾಡುವುದು ಕಡಿಮೆ ಮಾರಾಯ್ರೇ. ಅದು ಸರ್ವೆ ನಂಬರಿನಲ್ಲಿರುತ್ತದೆ.

ನನ್ನ ಮನೆಯ ಕತೆಯನ್ನೇ ಹೇಳುತ್ತೇನೆ. ನನ್ನ ಅಜ್ಜ ಚಾಲಗೇಣಿ ಒಕ್ಕಲು, ಅಂದರೆ ಧಣಿ ಬೇಡವೆಂದರೆ ಬಿಟ್ಟು ಹೋಗಬೇಕಾದ ಗೇಣಿದಾರ. 1974ರ ಭೂಸುಧಾರಣೆ ತಿದ್ದುಪಡಿ ಬಂತು. ಗೇಣಿ ಜಾಗ ತನ್ನ ಹೆಸರಿಗೆ ಕೇಳುವ ಅರ್ಜಿ, ನಮೂನೆ 7, ಅಜ್ಜ ತುಂಬಿದರು, ಭೂ ಟ್ರಿಬ್ಯೂನಲ್ ಮುಂದೆ ನಿಂತರು, ಎರಡೂವರೆ ಎಕರೆ ಗದ್ದೆ ನಮ್ಮದಾಯಿತು. ಅಪ್ಪ ಕಾಲೇಜಿಗೆ ಹೋದರು, ನಾನು ಕರಿ ಕೋಟು ಹಾಕಿದೆ. 'ಉಳುವವನೇ ಹೊಲದೊಡೆಯ' ಎಂಬ ಘೋಷಣೆಯಿಂದ ಈ ದೇಶದಲ್ಲಿ ಯಾರಿಗಾದರೂ ಲಾಭ ಆಗಿದ್ದರೆ ಅದು ನಮ್ಮಂಥವರಿಗೆ.

ಆದರೆ ಆ ಗದ್ದೆಯಲ್ಲಿ ನೇಜಿ ನೆಟ್ಟವರು, ಕೋಣ ಕಟ್ಟಿ ನಿಜವಾಗಿ ಉತ್ತವರು ಬೇರೆ. ಅವರು ಮೂಲದಾಳುಗಳು. ಅಂದರೆ ಧಣಿಗೆ, ಇಲ್ಲವೇ ಒಕ್ಕಲಿಗೆ ತಲೆತಲಾಂತರದಿಂದ ಅಂಟಿಕೊಂಡ ಆಳುಗಳು. ಅವರ ಕೈಯಲ್ಲಿ ಗೇಣಿ ಚೀಟಿ ಇರಲಿಲ್ಲ, ಯಾಕೆಂದರೆ ಅವರಿಗೆ ಯಾರೂ ಗೇಣಿಗೆ ಕೊಟ್ಟಿರಲಿಲ್ಲ. ಕಾಯ್ದೆ ಕೇಳಿದ್ದು ಗೇಣಿದಾರ ಯಾರು ಎಂದು. ಮನೆ ಅಡಿಸ್ಥಳ ಎಂದು ಕೆಲವರಿಗೆ ನಾಲ್ಕೈದು ಸೆಂಟ್ಸ್ ಸಿಕ್ಕಿತು. ಗದ್ದೆ ಸಿಗಲಿಲ್ಲ. ಮುಂಡಾಲ, ಆದಿದ್ರಾವಿಡ, ಮೊಗೇರ ಮನೆಗಳಿಂದ ಬರುವ ನನ್ನ ಕಕ್ಷಿದಾರರ ಹತ್ತಿರ ನಮೂನೆ 7ರ ಆದೇಶ ನೋಡಿದ್ದು ಬೆರಳಲ್ಲಿ ಎಣಿಸುವಷ್ಟು. ಅತಿಕಾರೆ ಭತ್ತದ ಬೀಜವನ್ನು ತುಳುನಾಡಿಗೆ ತಂದವರು ಕಾನದ-ಕಟದ ಎಂಬ ಅವಳಿ ವೀರರು ಎನ್ನುತ್ತಾರೆ. ಅವರನ್ನು ಸತ್ಯಸಾರಮಾನಿ ದೈವಗಳೆಂದು ನಂಬುವ ಮನೆಗಳಲ್ಲಿ ಇವತ್ತು ಆ ಬೀಜ ಬಿತ್ತಲು ಒಂದು ಮುಡಿ ಗದ್ದೆ ಇಲ್ಲ.

ಹಾಗಾಗಿ ಉಳಿದದ್ದು ಸರ್ಕಾರಿ ಗುಡ್ಡೆ. ಅಲ್ಲಿ ಇನ್ನೊಂದು ತೊಡಕಿದೆ, ಘಟ್ಟದ ಮೇಲಿನ ವಕೀಲ ಮಿತ್ರರಿಗೆ ಇದನ್ನು ವಿವರಿಸಿ ನನಗೆ ಸಾಕಾಗಿದೆ. ಅದರ ಹೆಸರು ಕುಮ್ಕಿ. ಹಳೆಯ ಕದೀಂ ವರ್ಗದ, ಅಂದರೆ ಹಳೆ ಪಟ್ಟಾ ಜಮೀನಿನ, ಗಡಿಯಿಂದ 100 ಗಜದೊಳಗಿನ ಸರ್ಕಾರಿ ಜಾಗದಲ್ಲಿ ಸೊಪ್ಪು, ಹುಲ್ಲು, ಸೌದೆ ತೆಗೆಯುವ ಸವಲತ್ತು ವರ್ಗದಾರನಿಗೆ ಉಂಟು. ಭೂಕಂದಾಯ ಕಾಯ್ದೆಯ 79ನೇ ಕಲಂ ಅದನ್ನು ಉಳಿಸಿಕೊಂಡಿದೆ. ಸವಲತ್ತು ಅಷ್ಟೇ, ಮಾಲಕತ್ವ ಅಲ್ಲ. ಆದರೆ ಊರಲ್ಲಿ ಎಲ್ಲರೂ 'ನನ್ನ ಕುಮ್ಕಿ' ಎಂದೇ ಹೇಳುವುದು. ಒಂದು ಕುಮ್ಕಿಗೆ ಇನ್ನೊಂದು ಕುಮ್ಕಿ ತಾಗಿ, ನಕ್ಷೆಯಲ್ಲಿ ಎಕರೆಗಟ್ಟಲೆ ಸರ್ಕಾರಿ ಜಾಗವಿದ್ದರೂ ದಲಿತ ಕುಟುಂಬ ಅರ್ಜಿ ಹಾಕಿದಾಗ 'ಲಭ್ಯವಿಲ್ಲ' ಎಂಬ ಷರಾ ಬರುತ್ತದೆ. 1969ರ ಭೂಮಂಜೂರಾತಿ ನಿಯಮದ ಪ್ರಕಾರ ಹಂಚುವ ಜಾಗದಲ್ಲಿ ಅರ್ಧ ಪರಿಶಿಷ್ಟರಿಗೆ. ಇಲ್ಲದ್ದರ ಅರ್ಧ ಎಷ್ಟು?

ಡಿ.ಸಿ. ಮನ್ನಾ ಜಾಗ ಮುಖ್ಯ ಆಗುವುದು ಇಲ್ಲಿಯೇ. ಅದಕ್ಕೆ ಕುಮ್ಕಿಯ ರಗಳೆ ಇಲ್ಲ, ಮೊದಲೇ ಬೇರೆ ಮಾಡಿ ಇಟ್ಟದ್ದು.

ಇಂಥ ಕೇಸು ಬಂದಾಗ ನಾನು ಮೊದಲು ಕೇಳುವುದು ಒಂದೇ ಪ್ರಶ್ನೆ. ಜಾಗ ಕಾದಿರಿಸಿದ್ದೋ, ಮಂಜೂರಾದದ್ದೋ? ಕಾದಿರಿಸಿ ಯಾರಿಗೂ ಕೊಡದಿದ್ದರೆ ಅದು ಇನ್ನೂ ಸರ್ಕಾರದ್ದೇ. ಒತ್ತುವರಿಯಾಗಿದ್ದರೆ ತಹಶೀಲ್ದಾರರು ಭೂಕಂದಾಯ ಕಾಯ್ದೆಯ 104ನೇ ಕಲಂನಲ್ಲಿ ತೆರವು ಮಾಡಿಸಿ ದಲಿತರಿಗೆ ಹಂಚಬೇಕು. ಒಬ್ಬರ ಹೆಸರಿಗೆ ಮಂಜೂರಾಗಿ, ಆಮೇಲೆ ಕೈತಪ್ಪಿದ್ದರೆ ದಾರಿ ಬೇರೆ. ನಾನು ಹೊಸದರಲ್ಲಿ ಈ ಎರಡನ್ನು ಕಲಸಿ ಒಂದು ಕೇಸು ಹಾಕಿದೆ. ಎರಡು ವರ್ಷದ ನಂತರ 'ಮಂಜೂರಾತಿ ಆದೇಶವೇ ಇಲ್ಲ' ಎಂದು ವಜಾ ಆಯಿತು. ಆ ಮನೆಯವರು ನನಗೆ ಒಂದು ಮಾತೂ ಬೈಯಲಿಲ್ಲ, ಕೊಡಬೇಕಾದ ಫೀಸಿನ ಉಳಿಕೆ ತಂದುಕೊಟ್ಟರು. ಆವತ್ತಿನಿಂದ ಸಾಗುವಳಿ ಚೀಟಿ (ಮಂಜೂರಾತಿ ಪತ್ರ), ಹಳೆ ಅಡಂಗಲ್ (ಸಾಗುವಳಿ ದಾಖಲೆ), ಎಫ್‌ಎಂಬಿ (ಅಳತೆ ಪುಸ್ತಕ) ನಕ್ಷೆ ಮೂರೂ ಕೈಗೆ ಬರದೆ ನಾನು ವಕಾಲತ್ತಿಗೆ ಸಹಿ ಹಾಕುವುದಿಲ್ಲ.

ಮಂಜೂರಾದ ಜಾಗಕ್ಕೆ ಇರುವ ಆಸರೆ 1978ರ ಪಿಟಿಸಿಎಲ್ ಕಾಯ್ದೆ, ಅಂದರೆ ಪರಿಶಿಷ್ಟರಿಗೆ ಮಂಜೂರಾದ ಜಮೀನಿನ ಪರಭಾರೆ ನಿಷೇಧ ಕಾಯ್ದೆ. ದೇವರಾಜ ಅರಸು ಕಾಲದ್ದು, ಜಾರಿಗೆ ಬಂದದ್ದು 1979ರ ಜನವರಿ 1ರಂದು. ಅದು ಹೇಳುವುದು ಇಷ್ಟು: ಪರಿಶಿಷ್ಟರಿಗೆ ಸರ್ಕಾರ ಕೊಟ್ಟ ಜಾಗವನ್ನು ಷರತ್ತು ಮುರಿದು ಮಾರಿದ್ದರೆ ಆ ಮಾರಾಟ ಶೂನ್ಯ. ಕಾಯ್ದೆ ಬಂದ ನಂತರ ಸರ್ಕಾರದ ಅನುಮತಿ ಇಲ್ಲದೆ ಮಾರಿದ್ದರೂ ಶೂನ್ಯ. "ದುಡ್ಡು ಕೊಟ್ಟು ತೆಗೆದುಕೊಂಡದ್ದಲ್ವಾ, ಇದು ಯಾವ ನ್ಯಾಯ?" ಎಂದು ಎದುರಿನ ಕಕ್ಷಿ ನನ್ನನ್ನು ಕಾರಿಡಾರಿನಲ್ಲಿ ಕೇಳಿದ್ದುಂಟು. 1984ರಲ್ಲಿ ಮಂಚೇಗೌಡ ಕೇಸಿನಲ್ಲಿ ಸುಪ್ರೀಂ ಕೋರ್ಟಿಗೂ ಇದೇ ಪ್ರಶ್ನೆ ಹೋಗಿತ್ತು. ಕೋರ್ಟು ಕಾಯ್ದೆಯನ್ನು ಎತ್ತಿ ಹಿಡಿಯಿತು.

ಈ ಕಾಯ್ದೆಯ 5ನೇ ಕಲಂನಲ್ಲಿ ಎರಡು ಸಂಗತಿ ಇದೆ, ಜನರಿಗೆ ಅಷ್ಟಾಗಿ ಗೊತ್ತಿಲ್ಲ. ಒಂದು, ಉಪವಿಭಾಗಾಧಿಕಾರಿಗೆ ಅರ್ಜಿ ಕೊಡಲು ನೀವು ವಾರಸುದಾರರೇ ಆಗಬೇಕೆಂದಿಲ್ಲ. ಯಾರು ಬೇಕಾದರೂ ಬರೆದು ತಿಳಿಸಬಹುದು, ಅಧಿಕಾರಿ ತಾವಾಗಿಯೇ ಕೇಸು ತೆಗೆದುಕೊಳ್ಳಲೂಬಹುದು. ಇನ್ನೊಂದು, ಮಂಜೂರಾದವರ ಕುಟುಂಬ ಬಿಟ್ಟು ಬೇರೆಯವರು ಜಾಗದಲ್ಲಿ ಕೂತಿದ್ದರೆ, ಅವರಿಗೆ ಅದು ಶೂನ್ಯ ಮಾರಾಟದಿಂದಲೇ ಬಂತು ಎಂದು ಕಾಯ್ದೆ ಮೊದಲೇ ಭಾವಿಸುತ್ತದೆ. ಅಲ್ಲ ಎಂದು ತೋರಿಸುವ ಹೊಣೆ ಅವರದ್ದು. 2017ರಲ್ಲಿ ನೆಕ್ಕಂಟಿ ರಾಮಲಕ್ಷ್ಮಿ ಕೇಸಿನ ತೀರ್ಪಿನಲ್ಲಿ 'ತೀರಾ ತಡವಾಗಿ ಬಂದರೆ ಕೇಳುವುದಿಲ್ಲ' ಎಂದಾಯಿತು, ರಾಜ್ಯದ ತುಂಬ ಅರ್ಜಿಗಳು ವಜಾ ಆದವು. ದಲಿತ ಸಂಘಟನೆಗಳು ಬೆಂಗಳೂರಿನಲ್ಲಿ ತಿಂಗಳುಗಟ್ಟಲೆ ಧರಣಿ ಕೂತವು. 2023ರಲ್ಲಿ ಸರ್ಕಾರ ತಿದ್ದುಪಡಿ ತಂದು ಕಾಲಮಿತಿ ಇಲ್ಲ ಎಂದಿತು. ತಡವಾಯಿತು ಎಂಬ ವಾದ ಈಗಲೂ ನನ್ನ ಎದುರಿಗೆ ಬರುತ್ತಲೇ ಇದೆ.

ನಲವತ್ತು ವರ್ಷ ಯಾಕೆ ಸುಮ್ನೆ ಇದ್ದಿರಿ ಎಂದು ಅಜ್ಜಿಯನ್ನು ಒಬ್ಬ ಅಧಿಕಾರಿ ಕೇಳಿದರು. ಅಜ್ಜಿ ಹೇಳಿದ್ದು, "ಅವರ ತೋಟಕ್ಕೇ ಅಲ್ವಾ ನಾವು ಕೆಲಸಕ್ಕೆ ಹೋಗುವುದು." ಕಾನೂನು ಪುಸ್ತಕದಲ್ಲಿ ಇದಕ್ಕೆ ಕಲಂ ಇಲ್ಲ.

ಕ್ರಿಮಿನಲ್ ಕಡೆಗೆ ಒಂದು ಮಾತು. ದೌರ್ಜನ್ಯ ತಡೆ ಕಾಯ್ದೆ ಎಂದರೆ ಜಾತಿ ಹೆಸರು ಹಿಡಿದು ಬೈದ ಕೇಸು ಎಂದೇ ಠಾಣೆಯಲ್ಲೂ ಹೊರಗೂ ಲೆಕ್ಕ. ಆದರೆ 1989ರ ಆ ಕಾಯ್ದೆಗೆ 2016ರಿಂದ ಜಾರಿಗೆ ಬಂದ ತಿದ್ದುಪಡಿಯ ನಂತರ, 3(1)(ಎಫ್) ಮತ್ತು (ಜಿ) ಓದಿ ನೋಡಿ. ಪರಿಶಿಷ್ಟರ ಜಾಗವನ್ನು ಅಕ್ರಮವಾಗಿ ಹಿಡಿದುಕೊಳ್ಳುವುದು, ಅವರನ್ನು ಜಾಗದಿಂದ ಎಬ್ಬಿಸುವುದು ಕೂಡ ದೌರ್ಜನ್ಯವೇ. 'ಇದು ಸಿವಿಲ್ ಮ್ಯಾಟರ್, ಕೋರ್ಟಿಗೆ ಹೋಗಿ' ಎಂದು ಠಾಣೆಯಿಂದ ಕಳಿಸಿದರೆ ಅಲ್ಲಿಯೇ ಈ ಕಲಂ ಹೆಸರು ಹೇಳಿ. ತನಿಖೆ ಮಾಡಬೇಕಾದವರು ಡಿವೈಎಸ್‌ಪಿ ದರ್ಜೆಯವರು. ಒಂದು ಎಚ್ಚರ. ದಾಖಲೆ ಗಟ್ಟಿ ಇಲ್ಲದೆ ಈ ಕೇಸು ಹಾಕಿದರೆ ಕೆಳಗೆ ಬೀಳುತ್ತದೆ, ಜೊತೆಗೆ ಊರಲ್ಲಿ 'ಸುಳ್ಳು ಕೇಸು' ಎಂಬ ಮಾತೂ ಹಬ್ಬುತ್ತದೆ.

ಇಷ್ಟೆಲ್ಲ ಕಾನೂನು ಯಾರೂ ತಟ್ಟೆಯಲ್ಲಿಟ್ಟು ಕೊಟ್ಟದ್ದಲ್ಲ. ಮಂಗಳೂರಲ್ಲಿ ಇದರ ಮೊದಲ ಹೆಸರು ಕುದ್ಮುಲ್ ರಂಗರಾಯರದ್ದು, ಅವರೂ ವಕೀಲರೇ. 1892ರಲ್ಲಿ ಉರ್ವ ಚಿಲಿಂಬಿಯಲ್ಲಿ ದಲಿತ ಮಕ್ಕಳಿಗೆ ಶಾಲೆ ತೆರೆದರು, 1897ರಲ್ಲಿ ಡಿಪ್ರೆಸ್ಡ್ ಕ್ಲಾಸಸ್ ಮಿಷನ್ ಕಟ್ಟಿದರು. ಸ್ವಂತ ಜಾತಿಯವರು ದೂರ ಇಟ್ಟರು. ಪುರಭವನಕ್ಕೆ ಅವರ ಹೆಸರಿದೆ. ಒಳಗೆ ಯಕ್ಷಗಾನ ನೋಡುವವರಲ್ಲಿ ಎಷ್ಟು ಜನರಿಗೆ ಯಾಕೆಂದು ಗೊತ್ತೋ.

ಆದರೆ ಉಪಕಾರದ ಕಾಲ ಮುಗಿದು ಹಕ್ಕಿನ ಕಾಲ ಶುರುವಾದದ್ದು 1970ರ ದಶಕದಲ್ಲಿ. 1973ರಲ್ಲಿ, ಕನ್ನಡ ಸಾಹಿತ್ಯದಲ್ಲಿ ಬಹುಪಾಲು 'ಬೂಸಾ' ಎಂದ ಸಚಿವ ಬಸವಲಿಂಗಪ್ಪನವರ ಮಾತಿನ ಗಲಾಟೆ, ಅದರ ಬೆನ್ನಿಗೆ ಬಿ. ಕೃಷ್ಣಪ್ಪನವರು ಭದ್ರಾವತಿಯಿಂದ ಕಟ್ಟಿದ ದಲಿತ ಸಂಘರ್ಷ ಸಮಿತಿ. ದಸಂಸ ಕರಾವಳಿಗೂ ಬಂತು. ಈಗ ಅದು ಹಲವು ಬಣ. ಅರ್ಜಿ ಕೊಡಲು ಹೋದರೆ ಗುಮಾಸ್ತರು ಮೊದಲು ಕೇಳುವುದು "ನೀವು ಯಾವ ಬಣ?" ಎಂದು. ಬಣಗಳ ಜಗಳ ನೋಡಿ ನನಗೂ ಬೇಸರವಾಗಿದೆ. ಆದರೂ ಒಂದು ಹೇಳಲೇಬೇಕು. ಯಾವ ಗ್ರಾಮದಲ್ಲಿ ಡಿ.ಸಿ. ಮನ್ನಾ ಜಾಗ ಎಷ್ಟು ಎಕರೆ, ಯಾವ ಸರ್ವೆ ನಂಬರ್ ಎಂಬ ಪಟ್ಟಿಯನ್ನು ಮಾಹಿತಿ ಹಕ್ಕಿನಲ್ಲಿ ತೆಗೆಸಿ, ಕುಂದುಕೊರತೆ ಸಭೆಗಳಲ್ಲಿ ತಿಂಗಳು ಬಿಡದೆ ಎತ್ತಿದವರು ಈ ಬಣಗಳ ತಾಲೂಕು ಸಂಚಾಲಕರೇ. ಒಬ್ಬ ಪೇಂಟರ್, ಒಬ್ಬ ರಿಕ್ಷಾ ಡ್ರೈವರ್. ಬೆಳಿಗ್ಗೆಯ ಕೆಲಸ ಬಿಟ್ಟು ಬಂದು ಕೂರುತ್ತಾರೆ. ಪಹಣಿ ಓದುವುದರಲ್ಲಿ ನನ್ನ ಜೂನಿಯರ್‌ಗಳಿಗಿಂತ ಅವರೇ ವಾಸಿ.

2016ರ ಅಕ್ಟೋಬರ್ 9ರಂದು 'ಚಲೋ ಉಡುಪಿ' ಜಾಥಾ ಬಂದಾಗ ಟಿವಿಯವರೆಲ್ಲ ಆಹಾರದ ಮಾತು ಹಿಡಿದುಕೊಂಡರು. 'ಆಹಾರ ನಮ್ಮ ಆಯ್ಕೆ, ಭೂಮಿ ನಮ್ಮ ಹಕ್ಕು' ಎಂಬ ಘೋಷಣೆಯ ಇನ್ನೊಂದು ಅರ್ಧವನ್ನು ಯಾರೂ ಕೇಳಿಸಿಕೊಳ್ಳಲಿಲ್ಲ.

ಕೊರಗರದ್ದು ಬೇರೆ ದಾರಿ. ಅವರು ಪರಿಶಿಷ್ಟ ಪಂಗಡ. ಉಗುರು, ಕೂದಲು ಬೆರೆಸಿದ ಅನ್ನ ಕೊಡುವುದು, ಕಂಬಳಕ್ಕೆ ಮುಂಚೆ ಕೋಣಗಳ ಹಾಗೆ ಓಡಿಸುವುದು, ಇಂಥದ್ದನ್ನು ನಿಲ್ಲಿಸಲು 2000ದಲ್ಲಿ ಅಜಲು ನಿಷೇಧ ಕಾಯ್ದೆಯನ್ನೇ ಮಾಡಬೇಕಾಯಿತು. ಅವರ ಬೇಡಿಕೆ ಮಾತ್ರ ಯಾವಾಗಲೂ ಒಂದೇ, ಜಾಗ. 1993ರಲ್ಲಿ ಮಂಗಳೂರಿನ ಬೀದಿಯಲ್ಲಿ ಡೋಲು ಬಡಿದುಕೊಂಡು ಬಂದದ್ದು ಅದಕ್ಕೇ. ಆ ನೆನಪಿಗೆ ಆಗಸ್ಟ್ 18ರಂದು ಭೂಮಿ ಹಬ್ಬ ಮಾಡುತ್ತಾರೆ. ಮರುವರ್ಷ ಮಹಮ್ಮದ್ ಪೀರ್ ವರದಿ ಕುಟುಂಬಕ್ಕೆ ಎರಡೂವರೆ ಎಕರೆ ಕೊಡಿ ಎಂದಿತು. ನನ್ನ ಅಜ್ಜನಿಗೆ ಸಿಕ್ಕಿದಷ್ಟೇ. ಅವರು ಇನ್ನೂ ಕೇಳುತ್ತಲೇ ಇದ್ದಾರೆ.

ಅಜ್ಜಿಯ ಕೇಸಿಗೆ ಬರುತ್ತೇನೆ. ಅದು ಮಂಜೂರಾದ ಜಾಗ. ಮಾವನ ಹೆಸರಿಗೆ 1968ರಲ್ಲಿ 1 ಎಕರೆ 20 ಸೆಂಟ್ಸ್, 15 ವರ್ಷ ಪರಭಾರೆ ಮಾಡುವ ಹಾಗಿಲ್ಲ. 1981ರಲ್ಲಿ ಮಗಳ ಮದುವೆಗೆ ಸಾಲ, ಒಂದು ಕರಾರು, ಹೆಬ್ಬೆಟ್ಟು. ಸರ್ವೆಗೆ ಮೂರು ಸಲ ದಿನ ಕೊಟ್ಟರು. ಎರಡು ಸಲ ಸರ್ವೆಯರ್ ಬರಲಿಲ್ಲ. ಮೂರನೇ ಸಲ ಬಂದಾಗ ಮಳೆ. ಒಂದು ಗಡಿಕಲ್ಲು ಸಿಕ್ಕಿತು, ಇನ್ನೊಂದು ತೋಟದ ಕಟ್ಟಪುಣಿಯ ಒಳಗೆ ಹೂತುಹೋಗಿತ್ತು. ಅಜ್ಜಿ ಬಂದು ಕಾಲಲ್ಲಿ ತೋರಿಸಿದರು, "ಇಲ್ಲಿ." ಅಗೆದಾಗ ಅಲ್ಲೇ ಇತ್ತು. ಆ ತೋಟಕ್ಕೆ ಗೊಬ್ಬರ ಹೊತ್ತವರು ಅವರೇ, ಗೊತ್ತಿಲ್ಲದೆ ಇರುತ್ತದಾ?

ಆದೇಶ ನಮ್ಮ ಪರ ಆಗಿದೆ. ಎದುರಿನವರು ಜಿಲ್ಲಾಧಿಕಾರಿಗೆ ಮೇಲ್ಮನವಿ ಹಾಕಿದ್ದಾರೆ, ತಡೆಯಾಜ್ಞೆ ಇದೆ. ಈಗ ನಿಜವಾಗಿಯೂ ಡಿ.ಸಿ.ಯವರ ಕೈಗೇ ಹೋಯಿತು ಎಂದು ನಾನು ನಕ್ಕೆ. ಅಜ್ಜಿ ನಗಲಿಲ್ಲ. ಕಾಗದವನ್ನು ಒಳಚೀಲಕ್ಕೆ, ಅದನ್ನು ಹೊರಚೀಲಕ್ಕೆ ಹಾಕುತ್ತಾ ಕೇಳಿದರು, "ಹಾಗಾದರೆ ಈ ಸಲದ ಅಡಿಕೆ ಕೊಯ್ಲು ಯಾರದ್ದು ವಕೀಲರೇ?"

ಅದಕ್ಕೊಂದು ಅರ್ಜಿ ಬರೆಯುತ್ತಾ ಇದ್ದೇನೆ.