ಅನುದಾನಿತ ಶಾಲೆಯ ನೇಮಕಾತಿ ವ್ಯಾಜ್ಯ: ಹಿಂಬರಹವನ್ನು ಓದುವುದು ಹೇಗೆ?

ಈ ವಿಷಯದ ತೀರ್ಪುಗಳನ್ನು ಓದಲು ಕೂತಾಗ ಮೊದಮೊದಲು ನನಗೆ ಎಲ್ಲವೂ ಕಲಸಿಹೋದಂತೆ ಕಾಣುತ್ತಿತ್ತು. ಒಂದು ತೀರ್ಪು ಶಿಕ್ಷಕರ ಪರ, ಅದೇ ಬಗೆಯ ಇನ್ನೊಂದು ಸರ್ಕಾರದ ಪರ. ನೇಮಕಾತಿ ಬೇರೆ, ಅನುಮೋದನೆ ಬೇರೆ ಎಂದು ಬಿಡಿಸಿಕೊಂಡ ಮೇಲೆ ದಾರಿ ಸಿಕ್ಕಿತು.

ಅನುದಾನಿತ ಹಿರಿಯ ಪ್ರಾಥಮಿಕ ಶಾಲೆಯೊಂದರ ಗಣಿತ ಶಿಕ್ಷಕರು ನಿವೃತ್ತರಾದರು ಎಂದುಕೊಳ್ಳಿ. ಆಡಳಿತ ಮಂಡಳಿ ಜಾಹೀರಾತು ಕೊಟ್ಟು, ಸಂದರ್ಶನ ನಡೆಸಿ, ಹೊಸಬರಿಗೆ ಆದೇಶ ಕೊಡುತ್ತದೆ. ನೇಮಿಸುವುದು ಮಂಡಳಿ, ಸಂಬಳ ಬರಬೇಕಾದದ್ದು ಸರ್ಕಾರದ ವೇತನಾನುದಾನದಿಂದ. ಅದಕ್ಕಾಗಿ ಕಡತ ಅನುಮೋದನೆಗೆಂದು ಶಿಕ್ಷಣ ಇಲಾಖೆಗೆ ಹೋಗುತ್ತದೆ. ವರ್ಷಗಳು ಕಳೆದ ಮೇಲೆ ‘ಪ್ರಸ್ತಾವನೆ ತಿರಸ್ಕರಿಸಲಾಗಿದೆ’ ಎಂಬ ಹಿಂಬರಹ, ಅಂದರೆ ಇಲಾಖೆಯ ಲಿಖಿತ ಉತ್ತರ, ಬರುತ್ತದೆ. ಅಷ್ಟು ಕಾಲ ಪಾಠ ಮಾಡಿದವರ ಗತಿ ಏನು?

ಮೊದಲು ನಿಯಮದ ಪದ ನೋಡಿ: ‘ಅನುಮೋದನೆ’ಯೋ, ‘ಪೂರ್ವಾನುಮೋದನೆ’ಯೋ? ಉತ್ತರ ಪ್ರದೇಶದ ವಸತಿ ಮಂಡಳಿಯ ಪ್ರಕರಣವೊಂದರಲ್ಲಿ 1995ರಲ್ಲಿ ಸುಪ್ರೀಂ ಕೋರ್ಟ್ ಈ ವ್ಯತ್ಯಾಸವನ್ನು ವಿವರಿಸಿತು. ಬರೀ ಅನುಮೋದನೆ ಸಾಕಾದರೆ, ನಿರಾಕರಿಸುವ ತನಕ ಕ್ರಮ ಊರ್ಜಿತ. ಮುಂಚಿತ ಅನುಮತಿ ಬೇಕಿದ್ದರೆ ಅದು ಸಿಗುವ ತನಕ ಕ್ರಮಕ್ಕೆ ಬಲವಿಲ್ಲ. ಶಾಲೆಗಳ ವಿಷಯದಲ್ಲಿ ಬಾಂಬೆ ಹೈಕೋರ್ಟಿನ ಪೂರ್ಣ ಪೀಠ ಸೇಂಟ್ ಉಲಾಯ್ ಹೈಸ್ಕೂಲ್ ಪ್ರಕರಣದಲ್ಲಿ ಇನ್ನೂ ನೇರವಾಗಿ ಹೇಳಿತು: ಶಿಕ್ಷಣಾಧಿಕಾರಿಯ ಅನುಮೋದನೆ ನೇಮಕಾತಿ ಸಿಂಧುವಾಗಲು ಪೂರ್ವಷರತ್ತಲ್ಲ. ಅದು ಮಹಾರಾಷ್ಟ್ರದ ಕಾಯ್ದೆಯ ಮೇಲಿನ ತೀರ್ಪು. ನಮ್ಮ ಕರ್ನಾಟಕದಲ್ಲಿ ಅದನ್ನು ತರ್ಕಕ್ಕೆ ಬಳಸಬಹುದು, ನ್ಯಾಯಾಲಯ ಪಾಲಿಸಲೇಬೇಕೆಂದಿಲ್ಲ.

ಇಷ್ಟಕ್ಕೇ ಸಂಬಳ ಖಚಿತ ಎಂದುಕೊಳ್ಳಬೇಡಿ. ಅನುದಾನ ಮೂಲಭೂತ ಹಕ್ಕಲ್ಲ, ಪಡೆಯುವ ಸಂಸ್ಥೆ ಅದರ ಷರತ್ತಿಗೂ ಬದ್ಧ ಎಂದು 2021ರಲ್ಲಿ ಅಭಯ್ ನಂದನ್ ಇಂಟರ್ ಕಾಲೇಜು ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿದೆ.

ಇನ್ನು ಹಿಂಬರಹದ ಒಳಗೆ ಹೋಗೋಣ. ನನಗೆ ತೀರಾ ಮುಖ್ಯವೆನಿಸುವುದು ಈ ಭಾಗ. ತಿರಸ್ಕಾರಕ್ಕೆ ಕೊಟ್ಟ ಕಾರಣ ಒಂದೇ ಸಾಲಿನದ್ದಾಗಿದ್ದು, ಕೋರ್ಟಿನಲ್ಲಿ ಸರ್ಕಾರ ಆಕ್ಷೇಪಣೆ ಸಲ್ಲಿಸುವಾಗ ಹೊಸ ಕಾರಣಗಳನ್ನು ಪೋಣಿಸಿದರೆ? ಮೊಹಿಂದರ್ ಸಿಂಗ್ ಗಿಲ್ ಪ್ರಕರಣದ (1978) ಸೂತ್ರ ಅಲ್ಲಿ ಕೆಲಸಕ್ಕೆ ಬರುತ್ತದೆ: ಆದೇಶವನ್ನು ಅದರಲ್ಲಿರುವ ಕಾರಣಗಳಿಂದಲೇ ಅಳೆಯಬೇಕು, ಆಮೇಲೆ ಪ್ರಮಾಣಪತ್ರದ (ಅಫಿಡವಿಟ್) ಮೂಲಕ ತೇಪೆ ಹಚ್ಚುವಂತಿಲ್ಲ. ಆದ್ದರಿಂದ ಹಿಂಬರಹದ ಪ್ರತಿಯೊಂದು ಪದವನ್ನೂ ಓದಿ.

ಸಾಮಾನ್ಯ ಕಾರಣಗಳು ಗೊತ್ತಿರುವವೇ: ಹುದ್ದೆ ಮಂಜೂರಾಗಿಲ್ಲ, ಮಿತವ್ಯಯದ ಆದೇಶ (ಖರ್ಚು ತಗ್ಗಿಸಲು ನೇಮಕಾತಿ ತಡೆಯುವಂಥದ್ದು) ಜಾರಿಯಲ್ಲಿದೆ, ರೋಸ್ಟರ್ (ಮೀಸಲಾತಿಯ ಸರದಿ ಪಟ್ಟಿ) ಪಾಲಿಸಿಲ್ಲ, ವಿದ್ಯಾರ್ಹತೆ ಇಲ್ಲ. ರೋಸ್ಟರ್ ವಿಷಯದಲ್ಲಿ ಅಲ್ಪಸಂಖ್ಯಾತ ಸಂಸ್ಥೆಯಾದರೆ 2010ರ ಸಿಂಧಿ ಎಜುಕೇಷನ್ ಸೊಸೈಟಿ ತೀರ್ಪನ್ನು ಮರೆಯಬೇಡಿ. ದೆಹಲಿಯ ಅನುದಾನಿತ ಭಾಷಾ ಅಲ್ಪಸಂಖ್ಯಾತ ಶಾಲೆಯ ಮೇಲೆ ಮೀಸಲಾತಿ ಹೇರುವಂತಿಲ್ಲ ಎಂದಿತ್ತು ಅದು. ವಿದ್ಯಾರ್ಹತೆಯಲ್ಲಿ ಟಿಇಟಿಯದ್ದೇ (ಶಿಕ್ಷಕರ ಅರ್ಹತಾ ಪರೀಕ್ಷೆ) ದೊಡ್ಡ ತಕರಾರು. 2025ರ ಸೆಪ್ಟೆಂಬರ್ 1ರ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್, ನಿವೃತ್ತಿಗೆ ಐದು ವರ್ಷಕ್ಕಿಂತ ಹೆಚ್ಚು ಸೇವೆ ಉಳಿದಿರುವ ಹಳಬರೂ ಎರಡು ವರ್ಷದೊಳಗೆ ತೇರ್ಗಡೆಯಾಗಬೇಕು ಎಂದಿತು. ಅಲ್ಪಸಂಖ್ಯಾತ ಶಾಲೆಗಳ ಪ್ರಶ್ನೆಯನ್ನು ದೊಡ್ಡ ಪೀಠಕ್ಕೆ ಬಿಟ್ಟಿತು.

ಸರ್ಕಾರದ ವಕೀಲರು 2006ರ ಉಮಾದೇವಿ ತೀರ್ಪನ್ನು ಎತ್ತಿಕೊಂಡರೆ ಗಾಬರಿ ಬೇಡ. ಅದು ಸರ್ಕಾರಿ ಕೆಲಸದ ಸಕ್ರಮೀಕರಣದ, ಅಂದರೆ ತಾತ್ಕಾಲಿಕ ನೌಕರರನ್ನು ಕಾಯಂ ಮಾಡುವುದರ, ತೀರ್ಪು. ಅದರಲ್ಲೂ ಕ್ರಮದೋಷದ (ವಿಧಾನದಲ್ಲಷ್ಟೇ ಲೋಪವಿರುವ) ನೇಮಕಾತಿಗೂ ಕಾನೂನುಬಾಹಿರ ನೇಮಕಾತಿಗೂ ಅಂತರ ಕಾಪಾಡಿದೆ. ಜಾಹೀರಾತು, ಆಯ್ಕೆ, ಅರ್ಹತೆ ಮೂರೂ ಸರಿಯಿದ್ದ ಶಿಕ್ಷಕರಿಗೆ ಆ ಅಂತರವೇ ಆಸರೆ.

ಯಾವ ಬಾಗಿಲು ತಟ್ಟಬೇಕು? ವಜಾ, ಸೇವೆಯಿಂದ ತೆಗೆಯುವುದು, ಹಿಂಬಡ್ತಿ ಇವುಗಳಿಗೆ ಕರ್ನಾಟಕ ಶಿಕ್ಷಣ ಕಾಯ್ದೆ, 1983ರ 94ನೇ ಕಲಮಿನಡಿ ನ್ಯಾಯಮಂಡಳಿಗೆ ಮೇಲ್ಮನವಿ. ಅನುಮೋದನೆ ನಿರಾಕರಣೆಯ ವಿಷಯಕ್ಕೆ ಸಾಮಾನ್ಯವಾಗಿ ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿಗೆ ರಿಟ್ ಅರ್ಜಿ. ನ್ಯಾಯಾಲಯ ಹೆಚ್ಚಾಗಿ ತಾನೇ ಅನುಮೋದನೆ ಕೊಡುವುದಿಲ್ಲ. ಹಿಂಬರಹ ರದ್ದುಪಡಿಸಿ, ಕಾಲಮಿತಿ ಹಾಕಿ, ಮರುಪರಿಶೀಲನೆಗೆ ಕಳಿಸುತ್ತದೆ. ಹಾಗಾಗಿ ಬರೀ ‘ಅನುಮೋದನೆ ಕೊಡಿಸಿ’ ಎಂದು ಕೇಳಿ ನಿಲ್ಲಿಸದೆ, ಹಿಂಬರಹದ ರದ್ದತಿ, ಮರುಪರಿಶೀಲನೆ, ನೇಮಕಾತಿಯ ದಿನದಿಂದ ವೇತನ ಎಂದು ಕೋರಿಕೆಗಳನ್ನು ಬಿಡಿಬಿಡಿಯಾಗಿ ಬರೆಯಬೇಕು.